ನಾಲ್ಕು ದಿನದ ಇ.ಎಲ್.

ರಜಾ ಅರ್ಜಿಯಲ್ಲಿ ‘ಕಾರಣ’ ಅಂತ ಒಂದು ಖಾನೆ.
‘ಸ್ವಂತ ಕೆಲಸ’ ಅಂತ ಬರೆದೆ.
ಸೈಕಲ್ ತುಳಿಯೋಕೆ ಅಂತ ಬರೆದಿದ್ದರೆ
ಮಂಡ್ಯ ಡಿಪೋದಲ್ಲಿ ಟೀ ಆರುವವರೆಗೂ ನಗುತ್ತಿದ್ದರು.

ಸೈಕಲ್ಲು ಅಣ್ಣನ ಮಗಳು ಸಿಂಚನಳದು,
ಎಂಟನೇ ಕ್ಲಾಸಿಗೆ ಸರ್ಕಾರ ಕೊಟ್ಟದ್ದು.
ಬೆಲ್ಲಿಗೆ ನಾಲಿಗೆಯಿಲ್ಲ, ಬುಟ್ಟಿಗೆ ಒಂದು ಕಿವಿಯಿಲ್ಲ.
ನಕ್ಷೆ ಮಾತ್ರ ನಂದೇ:
ಮಿಷನ್ನಿಗೆ ಹಾಕಿ ಉಳಿದ ಟಿಕೆಟ್ ರೋಲಿನ ಮೇಲೆ
ಎರಡು ಮೊಳ ಬರೆದುಕೊಂಡಿದ್ದೆ, ಸ್ಟೇಜು ಸ್ಟೇಜಾಗಿ,
ಎಲ್ಲಿ ತಿರುಗಬೇಕು, ಎಲ್ಲಿ ನೆರಳು, ಎಲ್ಲಿ ಆಲೆಮನೆ,
ರಾತ್ರಿ ಯಾರ ಮನೆ ಕದ ತಟ್ಟಬಹುದು.

ಇಪ್ಪತ್ಮೂರು ವರ್ಷ ಕೇಳಿದ್ದೇನೆ, ಎಲ್ಲಿಗೆ? ಎಲ್ಲಿಗೆ?
ಬೀಗರೂಟಕ್ಕೆ ಹೊರಟವರನ್ನೂ
ಹೆಣ ನೋಡಲು ಹೊರಟವರನ್ನೂ
ಒಂದೇ ದನಿಯಲ್ಲಿ.
ಈಗ ಹೆಂಗಸರಿಗೆ ಸೊನ್ನೆ ರೂಪಾಯಿ ಚೀಟಿ,
ಆದರೂ ಊರಿನ ಹೆಸರು ಹೇಳಲೇಬೇಕು ತಾಯಿ,
ಹೇಳದೆ ಮಿಷನ್ನು ಬಾಯಿ ಬಿಡಲ್ಲ.

ನಾಲೆ ಏರಿ ಹಿಡಿದೆ. ನೀರು ನನ್ನೆದುರಿಗೆ ಬರುತ್ತಿತ್ತು,
ಊರು ಮುಟ್ಟುವ ಅವಸರದಲ್ಲಿ;
ನಾನು ಅದು ಬಿಟ್ಟುಬಂದ ಕಡೆಗೆ.
ಎರಡೂ ಕಡೆ ಕಬ್ಬು, ತಲೆಯೆತ್ತಿದ ಸೂಲಂಗಿ,
ಕಾಲುದಾರಿಗೆ ಒಣಗಲು ಹರವಿದ ರಚ್ಚು.
ಚಕ್ರದಡಿ ಅದು ಹೊಸ ಚಾಪೆಯಂತೆ ಚರಗುಟ್ಟಿತು.

ಮೊದಲ ಆಲೆಮನೆ ಬೆಲ್ಲ ಹಾಲುಬಣ್ಣ,
ಬಾಯಿಗಿಟ್ಟರೆ ಔಷಧಿ ಅಂಗಡಿ.
ಎರಡನೆಯದರಲ್ಲಿ ಕೊನೆಗೆ ಒಂಚೂರು ಉಪ್ಪು.
‘ಜೌಗು ಗದ್ದೆಯದಲ್ವಾ?’ ಅಂದೆ.
ಬೋರಲಿಂಗಣ್ಣ ಬೀಡಿ ತೆಗೆದು ನನ್ನನ್ನೇ ನೋಡಿದ.
ಅವ್ವ ಕೂಲಿಗೆ ಕಬ್ಬು ಕಡಿದವಳು.
ಅಚ್ಚು ಮುರಿದು, ಮುರಿದ ಕಡೆ ಮೂಸಿ
ಯಾವ ಬಯಲು, ಎಷ್ಟು ನೀರು, ಹೇಳುತ್ತಿದ್ದಳು.
ಕೊಳ್ಳಲು ಅವಳ ಕೈಲಿ ಯಾವತ್ತೂ ಕಾಸಿರಲಿಲ್ಲ;
ಮೂಸಲು ದುಡ್ಡು ಕೇಳುವವರಿರಲಿಲ್ಲ.

ಹುಲಿಕೆರೆ ಹತ್ತಿರ ನಾಲೆ ಗುಡ್ಡದ ಬಾಯಿಂದ ಬರುತ್ತದೆ
ಕತ್ತಲ ತಣುಪು ಹೊತ್ತುಕೊಂಡು.
ಚೀಟಿಯಲ್ಲಿ ಬರೆದಿತ್ತು: ಮೇಲೆ ಹತ್ತುವುದು.
ಹತ್ತಲಿಲ್ಲ, ತಳ್ಳಿದೆ.
ಮಂಡಿ ಎರಡೂ ತಕರಾರು ಪುಸ್ತಕ ಕೇಳಿದವು.
ಆಚೆ ಇಳಿದು ನೋಡಿದರೆ ಅದೇ ನೀರು
ಇನ್ನೂ ಬೆಳಕಿನಲ್ಲಿದೆ, ಸುರಂಗದ ಸುದ್ದಿಯೇ ಗೊತ್ತಿಲ್ಲ.
ಹೇಳೋಣ ಅನ್ನಿಸಿತು. ಹೇಳಲಿಲ್ಲ.

ಮೂರನೇ ಆಲೆಮನೆಯಲ್ಲಿ ಸಂಜೆ.
ಕೊಪ್ಪರಿಗೆ ಕುದಿತ, ಬೆಂಡೆ ಲೋಳೆಗೆ ಮೇಲೆದ್ದ ಕೊಳೆ,
ಉದ್ದ ಸಟ್ಟುಗ ಹಿಡಿದ ಉತ್ತರದ ಹುಡುಗ ಸೋನ್‌ಪಾಲ್.
‘ಅಮ್ಮಾ, ಎಲ್ಲಿಗೆ ಹೋಗ್ತದೆ?’ ಅಂದ.

ನನ್ನ ಪ್ರಶ್ನೆ ನನಗೇ ಚಿಲ್ಲರೆಯಾಗಿ ಬಂತು.
ನಾಲಿಗೆಗೆ ಒಂದು ಊರೂ ಸಿಗಲಿಲ್ಲ.
‘ನಿಂದು ಎಲ್ಲಿ?’ ಅಂದೆ, ತಪ್ಪಿಸಿಕೊಳ್ಳಲು.
‘ಶಾಮ್ಲಿ. ಮೂರು ರೈಲು.’
ಎರಡು ಹಂಗಾಮಿನಿಂದ ಹೋಗಿಲ್ಲವಂತೆ.
ಆ ಸ್ಟೇಜು ನಮ್ಮ ಮಿಷನ್ನಿನಲ್ಲಿಲ್ಲ.

ಇನ್ನೂ ಅಚ್ಚಿಗೆ ಬೀಳದ ಬೆಲ್ಲ, ಒಂದು ಸಟ್ಟುಗ,
ಬಿಸಿ ಬಿಸಿ ಮುಂದೆ ಚಾಚಿದ.
ಎಲೆಯಿಲ್ಲ, ತಟ್ಟೆಯಿಲ್ಲ,
ಕೈಗೆ ಸಿಕ್ಕ ರೋಲನ್ನೇ ಬಿಚ್ಚಿ ಮಡಿಸಿ ಹಿಡಿದೆ.
ಟಿಕೆಟ್ ಕಾಗದಕ್ಕೆ ಬಿಸಿ ಆಗದು,
ಬೇಸಿಗೆಯಲ್ಲಿ ಜನಕ್ಕೆ ನಾನೇ ಬೈದು ಹೇಳಿದ್ದೇನೆ.
ಕಣ್ಣೆದುರೇ ಕಪ್ಪು ಹರಡಿತು,
ಪಾಂಡವಪುರ ಹೋಯಿತು, ಚಿನಕುರಳಿ ಹೋಯಿತು,
ನೆರಳು, ನೀರು, ಕದ ತಟ್ಟುವ ಮನೆ,
ನಾಳೆ, ನಾಳಿದ್ದು.

ಹುಡುಗ ಗಾಬರಿಯಾದ. ನನಗೆ ನಗು.
ಕಾಗದ ಸಮೇತ ಅಗಿದು ಕಾಗದ ಉಗಿದೆ.
ಹೊಗೆಯಿತ್ತು ಅದರಲ್ಲಿ, ಹಸಿ ಕಬ್ಬಿತ್ತು,
ಕೊನೆಗೆ ಏನೋ ಒಂದು, ಅವ್ವ ಇದ್ದಿದ್ದರೆ ಹೆಸರು ಹೇಳುತ್ತಿದ್ದಳು.

ರಾತ್ರಿ ರಚ್ಚಿನ ರಾಶಿಯ ಪಕ್ಕ, ಹೆಂಗಸರ ಜೊತೆ ನಿದ್ದೆ.
ಬೆಳಿಗ್ಗೆ ಏರಿ ಎರಡಾಗಿ ಸೀಳುವ ಕಡೆ
ಒಂದು ಕಾಲೂರಿ ನಿಂತೆ.
ಇನ್ನೂ ಎರಡು ದಿನ ರಜೆಯಿತ್ತು.
ಹಿಂದಿನ ಬಾಗಿಲಿಂದ ಯಾರೂ ‘ರೈಟ್’ ಅನ್ನಲಿಲ್ಲ.
ನಾನೇ ಅಂದೆ,
ಸಣ್ಣಗೆ.